ಕೂಲಿಯ ದರ, ಕೆಲಸದ ದಿನ: ಆರ್ಥಿಕ ಚರಿತ್ರೆಯ ಗ್ರಂಥಗಳಲ್ಲಿ ದುಡಿಮೆಯ ಲೆಕ್ಕ

1. ಪೀಠಿಕೆ

ಹಿಂದಿನ ಕಾಲದ ದುಡಿಯುವ ಜನರ ಬದುಕು ಹೇಗಿತ್ತೆಂದು ತಿಳಿಯಬಯಸುವ ವಿದ್ವಾಂಸರು ಮೊದಲು ಆಶ್ರಯಿಸುವುದು ಕೂಲಿಯ ಅಂಕಿಗಳನ್ನು. ಮಠ, ದೇವಾಲಯ, ವಿದ್ಯಾಸಂಸ್ಥೆ, ಅರಮನೆ, ವ್ಯಾಪಾರಿ ಕಂಪನಿ ಮೊದಲಾದವು ತಮ್ಮ ವೆಚ್ಚದ ಲೆಕ್ಕವನ್ನು ಬರೆದಿಟ್ಟಿವೆ. ಬಡಗಿಗೆ ದಿನಕ್ಕೆ ಇಷ್ಟು, ಕಲ್ಲುಕುಟಿಗನಿಗೆ ಇಷ್ಟು, ಮಣ್ಣು ಹೊರುವವನಿಗೆ ಇಷ್ಟು ಎಂಬ ನಮೂದುಗಳು ಅಲ್ಲಿ ಸಿಗುತ್ತವೆ. ಇವನ್ನು ವರ್ಷಾನುಕ್ರಮವಾಗಿ ಜೋಡಿಸಿ, ಅದೇ ಕಾಲದ ಧಾನ್ಯ, ಬಟ್ಟೆ, ಉರುವಲುಗಳ ಬೆಲೆಗಳೊಂದಿಗೆ ಹೋಲಿಸಿದರೆ ‘ನೈಜ ಕೂಲಿ’ ದೊರೆಯುತ್ತದೆ. ಆರ್ಥಿಕ ಚರಿತ್ರೆಯ ಅನೇಕ ಮಹತ್ತ್ವದ ತೀರ್ಮಾನಗಳು ಈ ಸರಳ ಭಾಗಾಕಾರವನ್ನು ಅವಲಂಬಿಸಿವೆ. ಕೈಗಾರಿಕಾ ಕ್ರಾಂತಿ ಕೆಲಸಗಾರರ ಬದುಕನ್ನು ಹಸನುಗೊಳಿಸಿತೇ ಅಥವಾ ಹಾಳುಗೆಡವಿತೇ ಎಂಬ ವಿವಾದವಾಗಲಿ, ಭಾರತವು ಬ್ರಿಟಿಷ್ ಆಳ್ವಿಕೆಗೆ ಮುನ್ನವೇ ಬಡದೇಶವಾಗಿತ್ತೇ ಅಥವಾ ಆ ಆಳ್ವಿಕೆಯಿಂದ ಬಡವಾಯಿತೇ ಎಂಬ ವಿವಾದವಾಗಲಿ ಇದಕ್ಕೆ ಹೊರತಲ್ಲ.

ಆದರೆ ದಿನಗೂಲಿಯ ದರವು ಬದುಕಿನ ಅಳತೆಯಾಗಬೇಕಾದರೆ ಮೂರು ಸಂಗತಿಗಳು ತಿಳಿದಿರಬೇಕು. ಲೆಕ್ಕದಲ್ಲಿ ಬರೆದ ಹಣ ನಿಜವಾಗಿಯೂ ಕೆಲಸಗಾರನ ಕೈ ಸೇರಿತೇ? ವರ್ಷದಲ್ಲಿ ಎಷ್ಟು ದಿನ ಅವನಿಗೆ ಕೆಲಸ ದೊರೆಯಿತು? ಮನೆಯಲ್ಲಿ ಯಾರು ಯಾರು ದುಡಿದರು, ಎಷ್ಟು ಜನ ಉಂಡರು? ಈ ಮೂರರಲ್ಲಿ ಎರಡನೆಯದೇ ಅತ್ಯಂತ ನಿರ್ಣಾಯಕವಾದುದು, ಮತ್ತು ದಾಖಲೆಗಳಲ್ಲಿ ಅತಿ ವಿರಳವಾಗಿ ಕಾಣಸಿಗುವುದೂ ಅದೇ. ಕೂಲಿಯ ಚರಿತ್ರೆ ಮತ್ತು ನಿರುದ್ಯೋಗದ ಚರಿತ್ರೆ ಬಹುಕಾಲ ಬೇರೆ ಬೇರೆ ಗ್ರಂಥಗಳ ವಿಷಯಗಳಾಗಿ ಬೆಳೆದುಬಂದವು. ವಾಸ್ತವವಾಗಿ ಅವೆರಡೂ ಒಂದೇ ಲೆಕ್ಕದ ಎರಡು ಭಾಗಗಳು. ಈ ಕ್ಷೇತ್ರದ ಪ್ರಮುಖ ಗ್ರಂಥಗಳು ಈ ಅರಿವಿಗೆ ಬಂದ ಬಗೆಯನ್ನೂ, ದಕ್ಷಿಣ ಭಾರತದ, ವಿಶೇಷವಾಗಿ ಕನ್ನಡನಾಡಿನ, ದುಡಿಮೆಯ ಚರಿತ್ರೆಗೆ ಅದರಿಂದಾಗುವ ಪ್ರಯೋಜನವನ್ನೂ ಇಲ್ಲಿ ವಿವೇಚಿಸಲಾಗಿದೆ.

2. ಕೂಲಿಸರಣಿಯ ನಿರ್ಮಾಣ

ಈ ಅಧ್ಯಯನಕ್ಕೆ ಅಡಿಪಾಯ ಹಾಕಿದವರಲ್ಲಿ ಇಂಗ್ಲೆಂಡಿನ ಜೇಮ್ಸ್ ಥೊರಾಲ್ಡ್ ರೋಜರ್ಸ್ ಪ್ರಮುಖರು. ಅವರ ‘ಎ ಹಿಸ್ಟರಿ ಆಫ್ ಅಗ್ರಿಕಲ್ಚರ್ ಅಂಡ್ ಪ್ರೈಸಸ್ ಇನ್ ಇಂಗ್ಲೆಂಡ್’ ಎಂಬ ಬೃಹದ್ಗ್ರಂಥದ ಸಂಪುಟಗಳು 1866ರಿಂದ ಪ್ರಕಟವಾಗತೊಡಗಿದವು. ಅದರ ಸಾರವನ್ನು ಸಾಮಾನ್ಯ ಓದುಗರಿಗೆ ತಲುಪಿಸಲು ಅವರು 1884ರಲ್ಲಿ ‘ಸಿಕ್ಸ್ ಸೆಂಚುರೀಸ್ ಆಫ್ ವರ್ಕ್ ಅಂಡ್ ವೇಜಸ್’ ಎಂಬ ಗ್ರಂಥವನ್ನು ಹೊರತಂದರು. 15ನೆಯ ಶತಮಾನ ಮತ್ತು 16ನೆಯ ಶತಮಾನದ ಮೊದಲ ಭಾಗವು ಇಂಗ್ಲೆಂಡಿನ ಶ್ರಮಜೀವಿಗೆ ಸುವರ್ಣಯುಗವಾಗಿತ್ತು ಎಂಬ ಅವರ ನಿರ್ಣಯ ಬಹಳ ಪ್ರಸಿದ್ಧವಾಯಿತು. ಮಹಾಮಾರಿಯಿಂದ ಜನಸಂಖ್ಯೆ ಕುಸಿದು ಕೆಲಸದಾಳುಗಳ ಅಭಾವ ಉಂಟಾದುದರಿಂದ ಕೂಲಿ ಏರಿತ್ತೆಂಬುದು ಇದರ ಹಿನ್ನೆಲೆ.

ಮುಂದೆ ಎ. ಎಲ್. ಬೌಲಿ 1900ರಲ್ಲಿ 19ನೆಯ ಶತಮಾನದ ಬ್ರಿಟನ್ನಿನ ಕೂಲಿಗಳನ್ನು ಕುರಿತೂ, ವಿಲಿಯಂ ಬೆವರಿಜ್ 1939ರಲ್ಲಿ ಇಂಗ್ಲೆಂಡಿನ ಬೆಲೆ ಮತ್ತು ಕೂಲಿಗಳನ್ನು ಕುರಿತೂ ಗ್ರಂಥಗಳನ್ನು ಪ್ರಕಟಿಸಿದರು. ಈ ಪರಂಪರೆಯ ಶಿಖರವೆಂದರೆ 1955 ಮತ್ತು 1956ರಲ್ಲಿ ಹೆನ್ರಿ ಫೆಲ್ಪ್ಸ್ ಬ್ರೌನ್ ಹಾಗೂ ಶೀಲಾ ಹಾಪ್ಕಿನ್ಸ್ ಪ್ರಕಟಿಸಿದ ಪ್ರಬಂಧಗಳು. ದಕ್ಷಿಣ ಇಂಗ್ಲೆಂಡಿನ ಕಟ್ಟಡ ಕೆಲಸಗಾರರ ದಿನಗೂಲಿಯನ್ನು ಏಳು ಶತಮಾನಗಳ ಉದ್ದಕ್ಕೂ ಅವರು ಜೋಡಿಸಿದರು. ಊಟ, ಬಟ್ಟೆ, ಉರುವಲು ಮೊದಲಾದ ಜೀವನಾವಶ್ಯಕಗಳ ಒಂದು ಪಟ್ಟಿಯ ಬೆಲೆಯೊಂದಿಗೆ ಅದನ್ನು ಹೋಲಿಸಿದರು. 15ನೆಯ ಶತಮಾನದ ಮೂರನೆಯ ಪಾದದ ಕೂಲಿಯನ್ನು 100 ಎಂದು ಇಟ್ಟುಕೊಂಡರೆ, 16ನೆಯ ಶತಮಾನದ ಕೊನೆಯ ವೇಳೆಗೆ ಅದರ ಕೊಳ್ಳುವ ಶಕ್ತಿ ಅರ್ಧಕ್ಕಿಂತಲೂ ಕೆಳಗಿಳಿದಿತ್ತು. ಹಳೆಯ ಮಟ್ಟವನ್ನು ಅದು ಸ್ಥಿರವಾಗಿ ಮತ್ತೆ ಮುಟ್ಟಿದ್ದು 19ನೆಯ ಶತಮಾನದ ಉತ್ತರಾರ್ಧದಲ್ಲಿ.

ಕಟ್ಟಡ ಕೆಲಸಗಾರರನ್ನೇ ಆರಿಸಿಕೊಂಡುದಕ್ಕೆ ಕಾರಣ ಅವರು ಎಲ್ಲ ಶ್ರಮಜೀವಿಗಳ ಪ್ರತಿನಿಧಿಗಳೆಂಬುದಲ್ಲ. ಅವರ ಕೂಲಿಯ ದಾಖಲೆಗಳು ಉಳಿದುಬಂದಿದ್ದವು ಎಂಬುದೇ ಮುಖ್ಯ ಕಾರಣ. ಹೊಲದ ಆಳು, ಮನೆಗೆಲಸದ ಹೆಂಗಸು, ನೂಲುವವಳು, ಮನೆಯಲ್ಲಿಯೇ ಮಗ್ಗ ಹೂಡಿಕೊಂಡ ನೇಕಾರ ಇವರ ಗಳಿಕೆಯನ್ನು ಇಷ್ಟು ದೀರ್ಘಕಾಲ ಒಂದೇ ಕ್ರಮದಲ್ಲಿ ಬರೆದಿಟ್ಟ ಸಂಸ್ಥೆಗಳಿರಲಿಲ್ಲ. ಆಕರಗಳ ಈ ಮಿತಿಯು ಮುಂದಿನ ಬಹುತೇಕ ವಿವಾದಗಳ ಮೂಲವಾಯಿತು.

3. ಜೀವನಮಟ್ಟದ ವಿವಾದ

ಕೈಗಾರಿಕಾ ಕ್ರಾಂತಿಯ ಕಾಲದ ಕೆಲಸಗಾರರ ಸ್ಥಿತಿಯ ಬಗೆಗೆ ಬ್ರಿಟಿಷ್ ಚರಿತ್ರಕಾರರಲ್ಲಿ ಎರಡು ಪಂಥಗಳು ಬೆಳೆದವು. ಜೆ. ಎಲ್. ಹ್ಯಾಮಂಡ್ ಮತ್ತು ಬಾರ್ಬರಾ ಹ್ಯಾಮಂಡ್ ದಂಪತಿಗಳು 1911ರಿಂದ 1919ರ ಅವಧಿಯಲ್ಲಿ ಹಳ್ಳಿಯ ಶ್ರಮಿಕ, ಪಟ್ಟಣದ ಶ್ರಮಿಕ ಮತ್ತು ಕುಶಲ ಶ್ರಮಿಕರನ್ನು ಕುರಿತು ಬರೆದ ಮೂರು ಗ್ರಂಥಗಳು ಸಂಕಷ್ಟದ ಚಿತ್ರವನ್ನು ನೀಡಿದವು. ಇದಕ್ಕೆ ಪ್ರತಿಯಾಗಿ ಜೆ. ಎಚ್. ಕ್ಲಾಪಮ್ 1926ರಲ್ಲಿ, ಟಿ. ಎಸ್. ಆಷ್ಟನ್ 1949ರಲ್ಲಿ, ಅಂಕಿಅಂಶಗಳನ್ನು ಮುಂದಿಟ್ಟು ಕೆಲಸಗಾರರಲ್ಲಿ ಹಲವರ ಸ್ಥಿತಿ ಸುಧಾರಿಸಿತ್ತೆಂದು ವಾದಿಸಿದರು.

1957ರಲ್ಲಿ ಎರಿಕ್ ಹಾಬ್ಸ್‌ಬಾಮ್ ಈ ವಾದದ ಬುಡವನ್ನೇ ಪ್ರಶ್ನಿಸಿದರು. ಕೂಲಿಯ ಸೂಚ್ಯಂಕವು ಕೆಲಸವಿದ್ದವನ ದರವನ್ನು ಮಾತ್ರ ಹೇಳುತ್ತದೆ. ಆ ದಶಕಗಳಲ್ಲಿ ಕೆಲಸವಿಲ್ಲದೆ, ಅಥವಾ ವಾರದಲ್ಲಿ ಕೆಲವೇ ದಿನ ಕೆಲಸ ದೊರೆತು, ಜೀವಿಸುತ್ತಿದ್ದವರ ಸಂಖ್ಯೆ ದೊಡ್ಡದಾಗಿತ್ತು. ಆದುದರಿಂದ ಕೂಲಿ ದರದ ಏರಿಕೆಯಿಂದ ಜೀವನಮಟ್ಟದ ಏರಿಕೆಯನ್ನು ಊಹಿಸುವುದು ಸರಿಯಲ್ಲ ಎಂಬುದು ಅವರ ತರ್ಕ. ಬೇರೆ ದಾರಿಯಾಗಿ ಅವರು ಮರಣಪ್ರಮಾಣ, ನಿರುದ್ಯೋಗ ಮತ್ತು ಆಹಾರ ಸೇವನೆಯ ಸಾಕ್ಷ್ಯಗಳತ್ತ ಗಮನ ಸೆಳೆದರು. ಆರ್. ಎಂ. ಹಾರ್ಟ್‌ವೆಲ್ 1961ರಲ್ಲಿ ಇದಕ್ಕೆ ಉತ್ತರ ನೀಡಿದರು. 1963ರಲ್ಲಿ ಪ್ರಕಟವಾದ ಇ. ಪಿ. ಥಾಮ್ಸನ್ ಅವರ ‘ದಿ ಮೇಕಿಂಗ್ ಆಫ್ ದಿ ಇಂಗ್ಲಿಷ್ ವರ್ಕಿಂಗ್ ಕ್ಲಾಸ್’ ಗ್ರಂಥವು, ಸರಾಸರಿ ಅಂಕಿಗಳು ಏರುತ್ತಿರುವಾಗಲೂ ಜನರು ತಮ್ಮ ಬದುಕಿನ ಮೇಲಿನ ಹಿಡಿತವನ್ನು ಕಳೆದುಕೊಳ್ಳಬಹುದು ಎಂಬುದನ್ನು ಮನಗಾಣಿಸಿತು.

ಅಂಕಿಗಳ ನೆಲೆಯಲ್ಲಿಯೂ ಈ ವಿವಾದ ಮುಂದುವರಿಯಿತು. 1983ರಲ್ಲಿ ಪೀಟರ್ ಲಿಂಡರ್ಟ್ ಮತ್ತು ಜೆಫ್ರಿ ವಿಲಿಯಮ್ಸನ್ 1820ರ ನಂತರ ನೈಜ ಕೂಲಿ ತೀವ್ರವಾಗಿ ಏರಿತೆಂದು ಲೆಕ್ಕಹಾಕಿದರು. 1998ರಲ್ಲಿ ಚಾರ್ಲ್ಸ್ ಫೈನ್‌ಸ್ಟೀನ್ ಹೊಸ ಬೆಲೆ ಸೂಚ್ಯಂಕವನ್ನು ರಚಿಸಿ, ನಿರುದ್ಯೋಗ, ಅವಲಂಬಿತರ ಸಂಖ್ಯೆ ಮತ್ತು ನಗರವಾಸದ ಹೊರೆಯನ್ನೂ ಗಣನೆಗೆ ತೆಗೆದುಕೊಂಡರು. 1780ರ ದಶಕದಿಂದ 1850ರ ದಶಕದವರೆಗೆ ಸಾಮಾನ್ಯ ಕೆಲಸಗಾರ ಕುಟುಂಬದ ಜೀವನಮಟ್ಟದಲ್ಲಿ ಆದ ಸುಧಾರಣೆ ಶೇ. 15ಕ್ಕಿಂತಲೂ ಕಡಿಮೆ ಎಂಬುದು ಅವರ ನಿರ್ಣಯ. ಎರಡು ಪೀಳಿಗೆಗಳಿಗೂ ಹೆಚ್ಚು ಕಾಲ ದುಡಿದ ಜನರ ಪಾಲಿಗೆ ಇದು ಅತ್ಯಲ್ಪ ಪ್ರತಿಫಲವೇ ಸರಿ.

4. ವರ್ಷಕ್ಕೆ ಎಷ್ಟು ದಿನ?

ರಾಬರ್ಟ್ ಅಲೆನ್ ಅವರ 2001ರ ಪ್ರಬಂಧ ಹಾಗೂ 2009ರ ‘ದಿ ಬ್ರಿಟಿಷ್ ಇಂಡಸ್ಟ್ರಿಯಲ್ ರೆವಲ್ಯೂಷನ್ ಇನ್ ಗ್ಲೋಬಲ್ ಪರ್ಸ್ಪೆಕ್ಟಿವ್’ ಗ್ರಂಥ ಕೂಲಿ ಅಧ್ಯಯನಕ್ಕೆ ಹೊಸ ಚಾಲನೆ ನೀಡಿದವು. ಒಂದು ಕುಟುಂಬದ ವರ್ಷದ ಕನಿಷ್ಠ ಅಗತ್ಯಗಳ ವೆಚ್ಚದೊಂದಿಗೆ ಒಬ್ಬ ಗಂಡಸಿನ ವಾರ್ಷಿಕ ಗಳಿಕೆಯನ್ನು ಹೋಲಿಸುವ ಕ್ರಮವನ್ನು ಅವರು ಬಳಕೆಗೆ ತಂದರು. ಇಂಗ್ಲೆಂಡಿನಲ್ಲಿ ಕೂಲಿ ದುಬಾರಿಯಾಗಿಯೂ ಕಲ್ಲಿದ್ದಲು ಅಗ್ಗವಾಗಿಯೂ ಇದ್ದುದರಿಂದ ಯಂತ್ರಗಳ ಬಳಕೆ ಅಲ್ಲಿ ಲಾಭದಾಯಕವಾಯಿತು ಎಂಬುದು ಅವರ ಪ್ರಸಿದ್ಧ ಸಿದ್ಧಾಂತ. ಈ ಲೆಕ್ಕದಲ್ಲಿ ವಾರ್ಷಿಕ ಗಳಿಕೆಯೆಂದರೆ ದಿನಗೂಲಿಯನ್ನು 250ರಿಂದ ಗುಣಿಸಿದ ಮೊತ್ತ. ಹೋಲಿಕೆಗೆ ಅನುಕೂಲವೆಂದು ಅಂಗೀಕರಿಸಿದ ಈ 250 ದಿನಗಳ ಊಹೆಯೇ ಮುಂದಿನ ಸಂಶೋಧನೆಯ ವಸ್ತುವಾಯಿತು.

ಈ ದಿಕ್ಕಿನಲ್ಲಿ ಹಾನ್ಸ್ ಯೋಆಕಿಮ್ ವೋಟ್ ಅವರ ‘ಟೈಮ್ ಅಂಡ್ ವರ್ಕ್ ಇನ್ ಇಂಗ್ಲೆಂಡ್’ ಎಂಬ 2000ದ ಗ್ರಂಥವು ಆಕರಗಳ ದೃಷ್ಟಿಯಿಂದ ವಿಶಿಷ್ಟವಾದುದು. ಲಂಡನ್ನಿನ ಓಲ್ಡ್ ಬೈಲಿ ನ್ಯಾಯಾಲಯದಲ್ಲಿ ಸಾಕ್ಷಿ ನುಡಿದವರು, ಅಪರಾಧ ನಡೆದ ವೇಳೆಯಲ್ಲಿ ತಾವು ಏನು ಮಾಡುತ್ತಿದ್ದೆವೆಂದು ಹೇಳಿದ ಮಾತುಗಳನ್ನು ಅವರು ಸಂಗ್ರಹಿಸಿದರು. ಯಾವ ವಾರ, ಯಾವ ಗಂಟೆಯಲ್ಲಿ ಎಷ್ಟು ಜನ ಕೆಲಸದಲ್ಲಿದ್ದರೆಂಬುದನ್ನು ಅದರಿಂದ ಅಂದಾಜು ಮಾಡಿದರು. ಸೋಮವಾರವನ್ನು ಬಿಡುವಿನ ದಿನವಾಗಿ ಕಳೆಯುತ್ತಿದ್ದ ಹಳೆಯ ರೂಢಿ ಕ್ರಮೇಣ ಅಳಿದುದನ್ನೂ, ವರ್ಷದ ಒಟ್ಟು ದುಡಿಮೆಯ ಅವಧಿ ಬೆಳೆದುದನ್ನೂ ಈ ಸಾಕ್ಷ್ಯ ತೋರಿಸಿತು. ಕಳ್ಳತನದ ವಿಚಾರಣೆಯ ಕಡತಗಳಿಂದ ದುಡಿಮೆಯ ದಿನಚರಿಯನ್ನು ಹೊರತೆಗೆದ ಈ ವಿಧಾನವು ಲೆಕ್ಕಪುಸ್ತಕಗಳಿಲ್ಲದ ಪ್ರದೇಶಗಳ ಸಂಶೋಧಕರಿಗೂ ಮಾರ್ಗದರ್ಶಿಯಾಗಬಲ್ಲದು.

2018ರಲ್ಲಿ ಜೂಡಿ ಸ್ಟೀಫನ್‌ಸನ್ ಮೊದಲನೆಯ ಪ್ರಶ್ನೆಯನ್ನು ಎತ್ತಿಕೊಂಡರು. 1650ರಿಂದ 1800ರವರೆಗಿನ ಲಂಡನ್ ಕಟ್ಟಡ ಕಾಮಗಾರಿಯ ದಾಖಲೆಗಳನ್ನು ಪರಿಶೀಲಿಸಿ, ಕೂಲಿಯೆಂದು ತಿಳಿಯಲಾಗಿದ್ದ ಅನೇಕ ಮೊತ್ತಗಳು ವಾಸ್ತವವಾಗಿ ಗುತ್ತಿಗೆದಾರರು ಸಂಸ್ಥೆಗಳಿಗೆ ಸಲ್ಲಿಸಿದ ಬಿಲ್ಲಿನ ದರಗಳೆಂದು ತೋರಿಸಿದರು. ಗುತ್ತಿಗೆದಾರನ ಪಾಲನ್ನು ಕಳೆದು ಕೆಲಸಗಾರನಿಗೆ ಸಂದದ್ದು ಅದಕ್ಕಿಂತ ಶೇ. 20ರಿಂದ 30ರಷ್ಟು ಕಡಿಮೆಯಾಗಿತ್ತು. ಮರುವರ್ಷ ಜೇನ್ ಹಂಫ್ರೀಸ್ ಮತ್ತು ಜೇಕಬ್ ವೈಸ್‌ಡಾರ್ಫ್ ದಿನಗೂಲಿಯನ್ನೇ ಬದಿಗಿರಿಸಿ, ವರ್ಷದ ಕರಾರಿನ ಮೇಲೆ ದುಡಿದ ಗಂಡಾಳುಗಳ ಸಂಬಳವನ್ನು 1260ರಿಂದ 1850ರವರೆಗೆ ಸಂಕಲಿಸಿದರು. ಹಳೆಯ ಸರಣಿಗಳು ಮಧ್ಯಯುಗದ ಕೆಲಸದ ದಿನಗಳನ್ನು ಹೆಚ್ಚಾಗಿಯೂ ಕೈಗಾರಿಕಾ ಯುಗದ ಕೆಲಸದ ದಿನಗಳನ್ನು ಕಡಿಮೆಯಾಗಿಯೂ ಎಣಿಸಿದ್ದವು ಎಂಬುದು ಅವರ ಶೋಧ. ಇದನ್ನು ಒಪ್ಪಿದರೆ ರೋಜರ್ಸ್ ಅವರ ಸುವರ್ಣಯುಗದ ಹೊಳಪು ಬಹಳಷ್ಟು ಕುಂದುತ್ತದೆ. ದಿನದ ಕೂಲಿ ಹೆಚ್ಚಿದ್ದರೂ ಕೂಲಿ ಸಿಗುತ್ತಿದ್ದ ದಿನಗಳು ಆಗ ಕಡಿಮೆಯಿದ್ದವು.

ಮೂರನೆಯ ಪ್ರಶ್ನೆಗೂ ಹಂಫ್ರೀಸ್ ಅವರ ಕೊಡುಗೆ ಗಣನೀಯ. 2010ರ ‘ಚೈಲ್ಡ್‌ಹುಡ್ ಅಂಡ್ ಚೈಲ್ಡ್ ಲೇಬರ್ ಇನ್ ದಿ ಬ್ರಿಟಿಷ್ ಇಂಡಸ್ಟ್ರಿಯಲ್ ರೆವಲ್ಯೂಷನ್’ ಗ್ರಂಥದಲ್ಲಿ ಅವರು 600ಕ್ಕೂ ಹೆಚ್ಚು ಕೆಲಸಗಾರರ ಆತ್ಮಕಥನಗಳನ್ನು ಆಧರಿಸಿ, ಗಂಡಸಿನ ಕೂಲಿಯೊಂದರಿಂದಲೇ ಸಂಸಾರ ಸಾಗುತ್ತಿತ್ತೆಂಬ ಊಹೆ ಎಷ್ಟು ದುರ್ಬಲವೆಂಬುದನ್ನು ಸ್ಪಷ್ಟಪಡಿಸಿದರು. ತಂದೆ ಸತ್ತ ಅಥವಾ ತೊರೆದ ಮನೆಗಳಲ್ಲಿ ಮಕ್ಕಳ ಗಳಿಕೆಯೇ ಆಧಾರವಾಗಿತ್ತು.

5. ‘ನಿರುದ್ಯೋಗಿ’ ಎಂಬ ವರ್ಗದ ಉದಯ

ಕೆಲಸವಿಲ್ಲದ ದಿನಗಳು ಲೆಕ್ಕಕ್ಕೆ ಬಾರದಿದ್ದುದಕ್ಕೆ ಇನ್ನೊಂದು ಕಾರಣವಿದೆ. ಕೆಲಸವಿಲ್ಲದವನನ್ನು ಗುರುತಿಸಲು ಸ್ಪಷ್ಟವಾದ ವರ್ಗವೇ ಬಹುಕಾಲ ಇರಲಿಲ್ಲ. ಅವನನ್ನು ಭಿಕ್ಷುಕ, ಅಲೆಮಾರಿ ಅಥವಾ ಸೋಮಾರಿ ಎಂದು ಪರಿಗಣಿಸಲಾಗುತ್ತಿತ್ತು. ‘ನಿರುದ್ಯೋಗ’ಕ್ಕೆ ಸಮಾನವಾದ ಇಂಗ್ಲಿಷ್ ಪದ ಸಾರ್ವಜನಿಕ ಚರ್ಚೆಯಲ್ಲಿ ಬಳಕೆಗೆ ಬಂದುದು 19ನೆಯ ಶತಮಾನದ ಕೊನೆಯ ದಶಕಗಳಲ್ಲಿ. ಅಮೆರಿಕದ ಮ್ಯಾಸಚೂಸೆಟ್ಸ್ ಸಂಸ್ಥಾನದಲ್ಲಿ 1878ರಲ್ಲಿ ಕ್ಯಾರಲ್ ರೈಟ್ ಕೆಲಸವಿಲ್ಲದವರ ಎಣಿಕೆ ನಡೆಸಿದಾಗ, ಅದನ್ನು ನಿಜವಾಗಿ ಕೆಲಸ ಬಯಸುವ ದೃಢಕಾಯದ ವಯಸ್ಕ ಗಂಡಸರಿಗೆ ಸೀಮಿತಗೊಳಿಸಿದರು. ಅಲೆಕ್ಸಾಂಡರ್ ಕೀಸಾರ್ ಅವರ 1986ರ ‘ಔಟ್ ಆಫ್ ವರ್ಕ್’ ಗ್ರಂಥ ಈ ಇತಿಹಾಸವನ್ನು ವಿವರವಾಗಿ ನಿರೂಪಿಸುತ್ತದೆ. ಯಾರನ್ನು ಎಣಿಸಬೇಕೆಂಬ ನಿರ್ಣಯದಲ್ಲಿಯೇ ಯಾರನ್ನು ಬಿಡಬೇಕೆಂಬುದೂ ಅಡಗಿತ್ತು. ಫ್ರಾನ್ಸಿನಲ್ಲಿ ಈ ವರ್ಗವು ರೂಪುಗೊಂಡ ಬಗೆಯನ್ನು ಅದೇ ವರ್ಷ ರೊಬೆರ್ ಸಲೇ ಮತ್ತು ಅವರ ಸಂಗಡಿಗರು ವಿಶ್ಲೇಷಿಸಿದರು.

ಬೆವರಿಜ್ ಅವರ 1909ರ ಗ್ರಂಥವು ನಿರುದ್ಯೋಗವನ್ನು ವ್ಯಕ್ತಿಯ ಶೀಲದೋಷವೆಂದು ಕಾಣದೆ ಉದ್ಯಮದ ಸಮಸ್ಯೆಯೆಂದು ನೋಡಿತು. ಅದರಲ್ಲಿಯೂ ಬಂದರುಗಳಲ್ಲಿ ದಿನದಿನವೂ ಕೆಲಸಕ್ಕಾಗಿ ಕಾಯುವ ತಾತ್ಕಾಲಿಕ ಕೂಲಿಗಳ ಸ್ಥಿತಿಯನ್ನು ಅವರು ಎತ್ತಿ ತೋರಿಸಿದರು. ಎರಡು ವರ್ಷಗಳಲ್ಲಿಯೇ, 1911ರ ರಾಷ್ಟ್ರೀಯ ವಿಮಾ ಕಾಯಿದೆಯ ಮೂಲಕ, ಬ್ರಿಟನ್ ಕೆಲವು ಆಯ್ದ ಉದ್ಯಮಗಳಿಗೆ ಕಡ್ಡಾಯ ನಿರುದ್ಯೋಗ ವಿಮೆಯನ್ನು ಜಾರಿಗೆ ತಂದಿತು. 1936ರಲ್ಲಿ ಜಾನ್ ಮೇನಾರ್ಡ್ ಕೇನ್ಸ್ ಅವರ ಗ್ರಂಥವು ಒಟ್ಟಾರೆ ಬೇಡಿಕೆಯ ಕೊರತೆಯಿಂದಲೇ ನಿರುದ್ಯೋಗ ಉಳಿಯಬಹುದೆಂಬುದನ್ನು ಪ್ರತಿಪಾದಿಸಿತು.

ಅಂಕಿಗಳ ಆಚೆಗಿನ ನಿರುದ್ಯೋಗವನ್ನು ತೋರಿದ ಗ್ರಂಥವೆಂದರೆ 1933ರಲ್ಲಿ ಮಾರೀ ಯಾಹೋಡಾ, ಪೌಲ್ ಲಾಜರ್ಸ್‌ಫೆಲ್ಡ್ ಮತ್ತು ಹಾನ್ಸ್ ಟ್ಸೈಸೆಲ್ ಪ್ರಕಟಿಸಿದ ಮರಿಯೆಂಟಾಲ್ ಅಧ್ಯಯನ. ಆಸ್ಟ್ರಿಯದ ಆ ಗ್ರಾಮದಲ್ಲಿ ಬಟ್ಟೆ ಗಿರಣಿ ಮುಚ್ಚಿ ಇಡೀ ಊರು ಕೆಲಸ ಕಳೆದುಕೊಂಡಿತ್ತು. ಬಿಡುವು ಹೆಚ್ಚಿದ್ದರೂ, ಪುಸ್ತಕ ಎರವಲಿಗೆ ಶುಲ್ಕವಿಲ್ಲದಿದ್ದರೂ, ಅಲ್ಲಿನ ಗ್ರಂಥಾಲಯದಿಂದ ಪಡೆದ ಪುಸ್ತಕಗಳ ಸಂಖ್ಯೆ 1929ರಿಂದ 1931ರೊಳಗೆ ಸುಮಾರು ಅರ್ಧಕ್ಕೆ ಇಳಿಯಿತು. ಬೀದಿಯಲ್ಲಿ ಗಂಡಸರ ನಡಿಗೆಯೂ ನಿಧಾನವಾಗಿತ್ತು. ಹೆಂಗಸರು ಮಾತ್ರ ಬೇಗಬೇಗ ನಡೆಯುತ್ತಿದ್ದರು. ಗಿರಣಿಯ ಕೆಲಸ ಹೋಗಿದ್ದರೂ ಮನೆಯ ಕೆಲಸ ಅವರಿಗೆ ತಪ್ಪಿರಲಿಲ್ಲ. ಗ್ರಂಥಾಲಯದ ಎರವಲು ವಹಿಯೂ ಆರ್ಥಿಕ ಚರಿತ್ರೆಯ ಆಕರವಾಗಬಲ್ಲದೆಂಬುದಕ್ಕೆ ಇದು ಉತ್ತಮ ನಿದರ್ಶನ.

6. ದಕ್ಷಿಣ ಭಾರತದ ಕೂಲಿ: ಬೆಳ್ಳಿಯ ಅಳತೆ, ಅಕ್ಕಿಯ ಅಳತೆ

ಭಾರತದ ಕೂಲಿಗಳ ಚರಿತ್ರೆಯಲ್ಲಿ ಆಕರಗಳ ಅಭಾವ ಇನ್ನೂ ತೀವ್ರವಾದುದು. ಅಬುಲ್ ಫಜಲನ ‘ಐನ್-ಇ-ಅಕ್ಬರಿ’ಯಲ್ಲಿ ಬರುವ ಕೂಲಿ ಮತ್ತು ಬೆಲೆಗಳ ಪಟ್ಟಿಗಳು ಉತ್ತರ ಭಾರತದ ಅಧ್ಯಯನಕ್ಕೆ ಆಧಾರವಾದವು. ಡಬ್ಲ್ಯು. ಎಚ್. ಮೋರ್‌ಲ್ಯಾಂಡ್ 1920ರಲ್ಲಿ, ಅಶೋಕ ದೇಸಾಯಿ 1972ರಲ್ಲಿ, ಶಿರೀನ್ ಮೂಸ್ವಿ 1987ರಲ್ಲಿ ಇವನ್ನು ಬೇರೆ ಬೇರೆ ರೀತಿಯಲ್ಲಿ ಬಳಸಿಕೊಂಡರು.

ದಕ್ಷಿಣ ಭಾರತಕ್ಕೆ ಸಂಬಂಧಿಸಿದ ವಿವಾದ ಆರಂಭವಾದುದು 1998ರಲ್ಲಿ. ಪ್ರಸನ್ನನ್ ಪಾರ್ಥಸಾರಥಿ 18ನೆಯ ಶತಮಾನದ ದಕ್ಷಿಣ ಭಾರತದ ಮತ್ತು ಬ್ರಿಟನ್ನಿನ ನೇಕಾರರ ಗಳಿಕೆಯನ್ನು ಧಾನ್ಯದ ಅಳತೆಯಲ್ಲಿ ಹೋಲಿಸಿ, ಅವೆರಡೂ ಸರಿಸುಮಾರು ಒಂದೇ ಮಟ್ಟದಲ್ಲಿದ್ದವೆಂದು ವಾದಿಸಿದರು. ಇಲ್ಲಿನ ಹಣದ ಕೂಲಿ ಕಡಿಮೆಯಿದ್ದುದು ಬಡತನದಿಂದಲ್ಲ, ಕೃಷಿಯ ಉತ್ಪಾದಕತೆಯಿಂದಾಗಿ ಅಕ್ಕಿ ಅಗ್ಗವಾಗಿದ್ದುದರಿಂದ ಎಂಬುದು ಅವರ ವಿವರಣೆ. ನೇಕಾರರಿಗಿದ್ದ ಚೌಕಾಸಿಯ ಬಲವನ್ನು ಕಂಪನಿಯ ಆಡಳಿತ ಮುರಿದ ಬಗೆಯನ್ನು ಅವರ 2001ರ ‘ದಿ ಟ್ರಾನ್ಸಿಷನ್ ಟು ಎ ಕಲೋನಿಯಲ್ ಎಕಾನಮಿ’ ಗ್ರಂಥ ನಿರೂಪಿಸುತ್ತದೆ. 2006ರಲ್ಲಿ ಸ್ಟೀಫನ್ ಬ್ರಾಡ್‌ಬೆರಿ ಮತ್ತು ಬಿಷ್ಣುಪ್ರಿಯ ಗುಪ್ತ ಇದನ್ನು ಅಲ್ಲಗಳೆದರು. ಬೆಳ್ಳಿಯಲ್ಲಿ ಅಳೆದ ಕೂಲಿ ಇಂಗ್ಲೆಂಡಿಗಿಂತ ಭಾರತದಲ್ಲಿ 1600ರ ಹೊತ್ತಿಗೇ ಬಹಳ ಕಡಿಮೆಯಿತ್ತು, ಧಾನ್ಯದಲ್ಲಿ ಅಳೆದ ಕೂಲಿಯೂ ಮುಂದಿನ ಎರಡು ಶತಮಾನಗಳಲ್ಲಿ ಹಿಂದೆ ಬಿದ್ದಿತು ಎಂಬುದು ಅವರ ನಿಲುವು. ವಸಾಹತುಶಾಹಿಯ ಹೊಣೆಗಾರಿಕೆಯ ಪ್ರಶ್ನೆ ಹೀಗೆ ಅಳತೆಗೋಲಿನ ಆಯ್ಕೆಗೆ ಬಂದು ನಿಂತಿತು. ಆದರೆ ಯಾವ ಅಳತೆಗೋಲನ್ನು ಹಿಡಿದರೂ, ನೇಕಾರನಿಗೆ ವರ್ಷದಲ್ಲಿ ಎಷ್ಟು ತಿಂಗಳು ಮಗ್ಗದಲ್ಲಿ ಕೆಲಸವಿತ್ತು, ಅವನಿಗೆ ನೂಲು ಸಿದ್ಧಪಡಿಸಿಕೊಡುತ್ತಿದ್ದ ಮನೆಯವರ ಶ್ರಮ ಎಷ್ಟು ಎಂಬುದು ತಿಳಿಯದೆ ಹೋಲಿಕೆ ಪೂರ್ಣವಾಗದು.

ಕನ್ನಡನಾಡಿನ ಮಟ್ಟಿಗೆ ಈ ವಿಷಯದಲ್ಲಿ ಅಮೂಲ್ಯ ಆಕರವೆಂದರೆ ಫ್ರಾನ್ಸಿಸ್ ಬುಕಾನನ್ ಅವರ ಪ್ರವಾಸ ಗ್ರಂಥ. ಟಿಪ್ಪುವಿನ ಪತನದ ನಂತರ ಗವರ್ನರ್ ಜನರಲ್ ವೆಲ್ಲೆಸ್ಲಿಯ ಆದೇಶದಂತೆ 1800ರ ಏಪ್ರಿಲಿನಲ್ಲಿ ಮದರಾಸಿನಿಂದ ಹೊರಟ ಬುಕಾನನ್ ಮೈಸೂರು, ಕೆನರಾ, ಮಲಬಾರುಗಳಲ್ಲಿ ಸಂಚರಿಸಿದರು. ಅವರ ದಿನಚರಿ 1807ರಲ್ಲಿ ಮೂರು ಸಂಪುಟಗಳಲ್ಲಿ ಪ್ರಕಟವಾಯಿತು. ವರ್ಷದ ಆಳುಗಳು, ದಿನದ ಕೂಲಿಗಳು, ನಾಟಿ ಮಾಡುವ ಹೆಂಗಸರು ಇವರಿಗೆಲ್ಲ ಸಲ್ಲುತ್ತಿದ್ದ ಹಣ, ಧಾನ್ಯ, ಊಟಗಳ ವಿವರ ಅದರಲ್ಲಿದೆ. ಕೆನರಾದಲ್ಲಿ ಕೂಲಿಯಾಳುಗಳ ಜೊತೆಗೆ ಮಾರಾಟಕ್ಕೂ ಅಡವಿಗೂ ಒಳಗಾಗುತ್ತಿದ್ದ ಗುಲಾಮರಿಗೆ ಕೊಡುತ್ತಿದ್ದ ಪಡಿಯನ್ನೂ ಅವರು ದಾಖಲಿಸಿದ್ದಾರೆ. ಈ ದಿನಚರಿಯನ್ನೇ ಆಧರಿಸಿ ಶಶಿ ಶಿವರಾಮಕೃಷ್ಣ 2009ರಲ್ಲಿ ಮೈಸೂರು ಸೀಮೆಯ ಜೀವನಮಟ್ಟವನ್ನು ಅಂದಾಜು ಮಾಡುವ ಪ್ರಬಂಧವನ್ನು ಪ್ರಕಟಿಸಿದರು.

ಬುಕಾನನ್ನರ ಟಿಪ್ಪಣಿಗಳು ಮುಖ್ಯವಾಗುವುದು ಅಂಕಿಗಳಿಗಾಗಿ ಮಾತ್ರವಲ್ಲ. ಸೇರು, ಕೊಳಗ, ಖಂಡುಗಗಳ ಪ್ರಮಾಣ ಊರಿನಿಂದ ಊರಿಗೆ ಬದಲಾಗುತ್ತಿತ್ತು. ಕೂಲಿಯ ಒಂದು ಭಾಗ ಹಣ, ಒಂದು ಭಾಗ ಧಾನ್ಯ, ಒಂದು ಭಾಗ ಊಟವಾಗಿರುತ್ತಿತ್ತು. ಮುಂಗಡ ಸಾಲವನ್ನು ಪಡೆದ ಆಳು ಅದು ತೀರುವವರೆಗೆ ಒಡೆಯನನ್ನು ಬಿಡುವಂತಿರಲಿಲ್ಲ. ಇಂತಹ ಆಳಿಗೆ ವರ್ಷವಿಡೀ ಕೆಲಸವಿರುತ್ತಿತ್ತು, ಅವನನ್ನು ನಿರುದ್ಯೋಗಿಯೆನ್ನಲಾಗದು. ಆದರೆ ಬೇರೆಡೆ ಹೆಚ್ಚಿನ ಕೂಲಿಗೆ ಹೋಗುವ ಸ್ವಾತಂತ್ರ್ಯ ಅವನಿಗಿರಲಿಲ್ಲ.

ಕನ್ನಡದ ಪದಗಳೇ ಈ ಇತಿಹಾಸವನ್ನು ಉಳಿಸಿಕೊಂಡಿವೆ. ‘ಸಂಬಳ’ದ ಮೂಲಾರ್ಥ ದಾರಿಯ ಬುತ್ತಿ. ‘ಜೀವಿತ’ದ ತದ್ಭವವಾದ ‘ಜೀತ’ವು ಹಳಗನ್ನಡದಲ್ಲಿ ಜೀವನೋಪಾಯಕ್ಕೆ ಕೊಡುವ ವೇತನವನ್ನು ಸೂಚಿಸುತ್ತಿತ್ತು. ಅದೇ ಪದ ಈಗ ಸಾಲಕ್ಕೆ ಸಿಲುಕಿದ ದಾಸ್ಯವನ್ನು ಹೇಳುತ್ತದೆ. ‘ಜೋಳವಾಳಿ’ಯೆಂಬ ಮಾತಿನಲ್ಲಿ ಉಂಡ ಅನ್ನವು ಸೇವಾನಿಷ್ಠೆಯ ಋಣವಾಗುತ್ತದೆ. 1058ರ ನಾಗಾವಿ ಶಾಸನದಲ್ಲಿ ಘಟಿಕಾಸ್ಥಾನದ ಉಪಾಧ್ಯಾಯರಿಗೂ ಸರಸ್ವತೀ ಭಂಡಾರಿಗರಿಗೂ ಜೀವನಾಧಾರವಾಗಿ ದೊರೆತುದು ಭೂಮಿ. ಇವನ್ನೆಲ್ಲ ದಿನಕ್ಕೆ ಇಷ್ಟು ಗ್ರಾಂ ಬೆಳ್ಳಿ ಎಂಬ ಒಂದೇ ಅಂಕಣದಲ್ಲಿ ಬರೆದಾಗ ಸಂಬಂಧಗಳ ಸ್ವರೂಪ ಮರೆಯಾಗುತ್ತದೆ.

ಭೂಹೀನ ಕೂಲಿಗಳ ವರ್ಗ ಬ್ರಿಟಿಷ್ ಆಳ್ವಿಕೆಯ ಸೃಷ್ಟಿಯೆಂಬ ಅಭಿಪ್ರಾಯವನ್ನು ಸುರೇಂದ್ರ ಪಟೇಲ್ 1952ರಲ್ಲಿ ಮಂಡಿಸಿದ್ದರು. ಧರ್ಮಾ ಕುಮಾರ್ 1965ರ ‘ಲ್ಯಾಂಡ್ ಅಂಡ್ ಕಾಸ್ಟ್ ಇನ್ ಸೌತ್ ಇಂಡಿಯಾ’ ಗ್ರಂಥದಲ್ಲಿ ಇದನ್ನು ಪ್ರಶ್ನಿಸಿದರು. ದಕ್ಷಿಣ ಕನ್ನಡ, ಬಳ್ಳಾರಿ ಜಿಲ್ಲೆಗಳನ್ನೂ ಒಳಗೊಂಡಿದ್ದ ಮದರಾಸು ಪ್ರಾಂತದಲ್ಲಿ, 19ನೆಯ ಶತಮಾನದ ಆರಂಭದಲ್ಲಿಯೇ ಜನಸಂಖ್ಯೆಯ ಸುಮಾರು ಶೇ. 10ರಿಂದ 15ರಷ್ಟು ಜನ ಕೃಷಿಕೂಲಿಗಳಾಗಿದ್ದರೆಂದು ಅವರು ಅಂದಾಜು ಮಾಡಿದರು. ಅವರನ್ನು ಭೂಮಿಯಿಂದ ದೂರವಿಟ್ಟುದು ಜಾತಿವ್ಯವಸ್ಥೆಯೇ ಆಗಿತ್ತು. ಕೂಲಿಯ ಚರಿತ್ರೆಯಿಂದ ಜಾತಿಯನ್ನು ಬೇರ್ಪಡಿಸಲಾಗದೆಂಬುದನ್ನು ಈ ಗ್ರಂಥ ಸ್ಥಾಪಿಸಿತು.

7. ಬರಗಾಲದ ಕೂಲಿ

ಕೂಲಿಯೂ ನಿರುದ್ಯೋಗವೂ ಒಂದೇ ಪ್ರಶ್ನೆಯಾಗಿ ಕಾಣಿಸಿಕೊಂಡುದು ಬರಗಾಲಗಳಲ್ಲಿ. 1876-78ರ ಮಹಾಬರ ಮೈಸೂರು, ಬಳ್ಳಾರಿ ಸೀಮೆಗಳನ್ನು ತತ್ತರಗೊಳಿಸಿತು. ಧಾತು, ಈಶ್ವರ ಸಂವತ್ಸರಗಳ ಹೆಸರಿನಿಂದ ಅದು ಜನರ ನೆನಪಿನಲ್ಲಿ ಉಳಿಯಿತು. ಬೆಳೆ ಹೋದಾಗ ಹೊಲದ ಕೆಲಸವೂ ನೇಯ್ಗೆಯ ಬೇಡಿಕೆಯೂ ಒಟ್ಟಿಗೆ ನಿಂತುಹೋದವು. ಸರ್ಕಾರ ಪರಿಹಾರ ಕಾಮಗಾರಿಗಳನ್ನು ತೆರೆಯಿತು. 1877ರ ಆರಂಭದಲ್ಲಿ ವೈಸರಾಯ್ ಸರ್ಕಾರದ ಪ್ರತಿನಿಧಿಯಾಗಿ ಬಂದ ಸರ್ ರಿಚರ್ಡ್ ಟೆಂಪಲ್ ಕಾಮಗಾರಿಯಲ್ಲಿ ದುಡಿಯುವ ಗಂಡಸಿಗೆ ದಿನಕ್ಕೆ ಒಂದು ಪೌಂಡ್ ಧಾನ್ಯದ ಬೆಲೆ ಹಾಗೂ ಒಂದು ಆಣೆ ಎಂದು ಕೂಲಿಯನ್ನು ಇಳಿಸಿದರು. ಹೆಂಗಸರಿಗೂ ಮಕ್ಕಳಿಗೂ ಅದಕ್ಕಿಂತ ಕಡಿಮೆ. ಮದರಾಸಿನ ಆರೋಗ್ಯಾಧಿಕಾರಿ ಡಾ. ಕಾರ್ನಿಶ್ ಇಷ್ಟರಲ್ಲಿ ದುಡಿಯುವ ದೇಹ ಉಳಿಯಲಾರದೆಂದು ತೀವ್ರವಾಗಿ ಪ್ರತಿಭಟಿಸಿದರು. ಆ ವರ್ಷದ ಮಧ್ಯಭಾಗದಲ್ಲಿ ಪ್ರಮಾಣವನ್ನು ಹೆಚ್ಚಿಸಬೇಕಾಯಿತು. ವಿಲಿಯಂ ಡಿಗ್ಬಿ 1878ರಲ್ಲಿ ಪ್ರಕಟಿಸಿದ ಎರಡು ಸಂಪುಟಗಳ ಗ್ರಂಥದಲ್ಲಿ ಮೈಸೂರನ್ನೂ ಒಳಗೊಂಡ ಈ ಬರದ ವೃತ್ತಾಂತವಿದೆ. ‘ಕನಿಷ್ಠ ಕೂಲಿ’ ಎಂಬುದು ಇಲ್ಲಿ ಕೋಷ್ಟಕದ ಅಂಕಿಯಾಗಿರದೆ ಸಾವುಬದುಕಿನ ಗೆರೆಯಾಗಿತ್ತು.

1880ರ ಬರಗಾಲ ಆಯೋಗದ ಶಿಫಾರಸುಗಳಿಂದ ಬರಗಾಲ ಸಂಹಿತೆಗಳು ರೂಪುಗೊಂಡವು. ಒಂದು ಶತಮಾನದ ನಂತರ, 1981ರ ‘ಪಾವರ್ಟಿ ಅಂಡ್ ಫ್ಯಾಮಿನ್ಸ್’ ಗ್ರಂಥದಲ್ಲಿ ಅಮರ್ತ್ಯ ಸೇನ್ ಬರಗಾಲದ ಸಾವುಗಳನ್ನು ಧಾನ್ಯದ ಒಟ್ಟು ಕೊರತೆಯೊಂದರಿಂದಲೇ ವಿವರಿಸಲಾಗದೆಂದು ತೋರಿಸಿದರು. ಧಾನ್ಯವನ್ನು ಪಡೆಯುವ ಹಕ್ಕು, ಎಂದರೆ ಕೆಲಸ ಮತ್ತು ಕೂಲಿಯ ಕೊಳ್ಳುವ ಶಕ್ತಿ, ಕುಸಿದಾಗ ಮೊದಲು ಬಲಿಯಾಗುವವರು ಕೂಲಿಕಾರರು ಮತ್ತು ಕುಶಲಕರ್ಮಿಗಳು. ಪರಿಹಾರ ಕಾಮಗಾರಿಯ ಕಲ್ಪನೆಯೇ ರೂಪಾಂತರ ಹೊಂದಿ, 1977ರ ಮಹಾರಾಷ್ಟ್ರದ ಉದ್ಯೋಗ ಖಾತರಿ ಕಾಯಿದೆಯಲ್ಲಿಯೂ, ಗ್ರಾಮೀಣ ಕುಟುಂಬಕ್ಕೆ ವರ್ಷಕ್ಕೆ 100 ದಿನಗಳ ಕೆಲಸದ ಹಕ್ಕನ್ನು ನೀಡಿದ 2005ರ ರಾಷ್ಟ್ರೀಯ ಕಾಯಿದೆಯಲ್ಲಿಯೂ ಕಾಣಿಸಿಕೊಂಡಿತು. ಕೂಲಿಯ ದರದ ಜೊತೆಗೆ ಕೆಲಸದ ದಿನಗಳನ್ನೂ ಶಾಸನ ಎಣಿಸತೊಡಗಿದುದು ಗಮನಾರ್ಹ.

8. ಗಿರಣಿ, ಗಣಿ ಮತ್ತು ಎಣಿಕೆ

ಆಧುನಿಕ ಕೈಗಾರಿಕೆಯ ಕೆಲಸಗಾರರನ್ನು ಕುರಿತ ಗ್ರಂಥಗಳಲ್ಲಿ ಮಾರಿಸ್ ಡೇವಿಡ್ ಮಾರಿಸ್ ಅವರ 1965ರ ಕೃತಿ ಮೊದಲ ಮೈಲಿಗಲ್ಲು. ಮುಂಬಯಿ ಗಿರಣಿಗಳಿಗೆ ಕೆಲಸಗಾರರ ಕೊರತೆಯಿತ್ತೆಂಬ ನಂಬಿಕೆಯನ್ನು ಅದು ನಿರಾಕರಿಸಿತು. ರಾಜನಾರಾಯಣ ಚಂದಾವರ್ಕರ್ ಅವರ 1994ರ ಗ್ರಂಥವು ಗಿರಣಿಯ ಬಾಗಿಲಲ್ಲಿ ಪ್ರತಿದಿನ ಬೆಳಗ್ಗೆ ಕೆಲಸಕ್ಕಾಗಿ ಕಾಯುತ್ತಿದ್ದ ‘ಬದಲಿ’ ಕೆಲಸಗಾರರನ್ನೂ, ಅವರನ್ನು ಆರಿಸುತ್ತಿದ್ದ ಜಾಬರನನ್ನೂ, ಕೆಲಸವಿಲ್ಲದ ದಿನಗಳಲ್ಲಿ ಆಸರೆಯಾಗುತ್ತಿದ್ದ ಕೇರಿಯ ಸಾಲಸಂಬಂಧಗಳನ್ನೂ ಬಿಡಿಸಿ ತೋರಿಸಿತು. ಕೆಲಸವಿದ್ದವನು ಮತ್ತು ಇಲ್ಲದವನು ಎಂಬ ವಿಭಜನೆ ಇಲ್ಲಿ ಅನ್ವಯಿಸದು. ಒಬ್ಬನೇ ಮನುಷ್ಯ ಒಂದೇ ವಾರದಲ್ಲಿ ಎರಡೂ ಆಗಿರುತ್ತಿದ್ದ.

ಕರ್ನಾಟಕಕ್ಕೆ ಸಂಬಂಧಿಸಿದಂತೆ ಜಾನಕಿ ನಾಯರ್ ಅವರ 1998ರ ‘ಮೈನರ್ಸ್ ಅಂಡ್ ಮಿಲ್‌ಹ್ಯಾಂಡ್ಸ್’ ಪ್ರಮುಖ ಕೃತಿ. ಕೋಲಾರದ ಚಿನ್ನದ ಗಣಿಗಳ ಮತ್ತು ಬೆಂಗಳೂರಿನ ಗಿರಣಿಗಳ ಕೆಲಸಗಾರರನ್ನು ಅದು ಒಟ್ಟಿಗೆ ಪರಿಶೀಲಿಸುತ್ತದೆ. ಗಣಿಗೆ ಬಂದವರಲ್ಲಿ ಬಹುಪಾಲು ಜನ ತಮಿಳು ಜಿಲ್ಲೆಗಳ ದಲಿತರು. ಊರಿನ ಜೀತದಿಂದ ಬಿಡುಗಡೆಯೂ ಗಣಿಯ ಕಠಿಣ ಶಿಸ್ತೂ ಅವರಿಗೆ ಒಟ್ಟಿಗೇ ಎದುರಾದವು. 1930ರಲ್ಲಿ ಅಲ್ಲಿ ನಡೆದ ದೊಡ್ಡ ಮುಷ್ಕರಕ್ಕೆ ಕಾರಣವಾದುದು ಬೆರಳಚ್ಚು ಪಡೆದು ಕೆಲಸಗಾರರನ್ನು ನೋಂದಾಯಿಸುವ ನಿಯಮ. 2001ರಲ್ಲಿ ಆ ಗಣಿಗಳು ಮುಚ್ಚಿದಾಗ, ಒಂದು ಶತಮಾನಕ್ಕೂ ಹೆಚ್ಚು ಕಾಲ ಗಣಿಯನ್ನೇ ನಂಬಿದ ಊರು ಮರಿಯೆಂಟಾಲಿನ ಸ್ಥಿತಿಯನ್ನು ಎದುರಿಸಬೇಕಾಯಿತು.

ನಿರುದ್ಯೋಗದ ಮಾಪನದಲ್ಲಿಯೂ ಇದೇ ತೊಡಕು ಕಾಣಿಸಿತು. ಕೃಷಿಯಲ್ಲಿ ಹಲವರನ್ನು ತೆಗೆದರೂ ಉತ್ಪಾದನೆ ಕುಗ್ಗದೆಂಬ ‘ಮರೆಮಾಚಿದ ನಿರುದ್ಯೋಗ’ದ ವಾದ ಒಂದು ಕಾಲದಲ್ಲಿ ಪ್ರಬಲವಾಗಿತ್ತು. ಥಿಯೊಡೋರ್ ಶುಲ್ಟ್ಸ್ 1964ರಲ್ಲಿ ಭಾರತದ 1918-19ರ ಇನ್‌ಫ್ಲುಯೆಂಜಾ ಸಾವುಗಳ ನಂತರ ಬಿತ್ತನೆಯ ಪ್ರದೇಶ ಕುಗ್ಗಿದುದನ್ನು ತೋರಿಸಿ ಇದನ್ನು ಖಂಡಿಸಿದರು. ಅಮರ್ತ್ಯ ಸೇನ್ ಆ ವಿಧಾನವನ್ನು ವಿಮರ್ಶಿಸಿದರು. ಎಂ. ಎಲ್. ದಾಂತವಾಲ ಅವರ ಅಧ್ಯಕ್ಷತೆಯ ತಜ್ಞರ ಸಮಿತಿ 1970ರ ವರದಿಯಲ್ಲಿ, ಸ್ವಂತ ದುಡಿಮೆಯೇ ಪ್ರಧಾನವಾದ ದೇಶದಲ್ಲಿ ನಿರುದ್ಯೋಗವನ್ನು ಒಂದೇ ಅಂಕಿಯಲ್ಲಿ ಹೇಳುವುದು ಅರ್ಥಪೂರ್ಣವಲ್ಲವೆಂದು ಅಭಿಪ್ರಾಯಪಟ್ಟಿತು. ಅದರಂತೆ 1972-73ರ ರಾಷ್ಟ್ರೀಯ ಮಾದರಿ ಸಮೀಕ್ಷೆಯಿಂದ ವರ್ಷದ, ವಾರದ ಮತ್ತು ದಿನದ ಸ್ಥಿತಿಗಳನ್ನು ಬೇರೆಬೇರೆಯಾಗಿ ಅಳೆಯಲಾಯಿತು. ಯೂರೋಪಿನ ಚರಿತ್ರಕಾರರು ಹಿಂದಿನ ಕಾಲಕ್ಕೆ ಕೇಳಬೇಕಾಗಿ ಬಂದ ದಿನಗಳ ಪ್ರಶ್ನೆಯನ್ನು ಭಾರತದ ಅಂಕಿಅಂಶ ತಜ್ಞರು ತಮ್ಮ ಕಾಲಕ್ಕೇ ಕೇಳಿಕೊಂಡಿದ್ದರು.

9. ಉಪಸಂಹಾರ

ಮೇಲಿನ ಸಮೀಕ್ಷೆಯಿಂದ ತಿಳಿದುಬರುವುದೇನೆಂದರೆ, ಕೂಲಿಯ ಚರಿತ್ರೆಯಲ್ಲಿ ಮುನ್ನಡೆ ಸಾಧ್ಯವಾದುದು ಹೆಚ್ಚು ಅಂಕಿಗಳ ಸಂಗ್ರಹದಿಂದಷ್ಟೇ ಅಲ್ಲ, ಅಂಕಿಯ ಹಿಂದಿನ ಊಹೆಗಳ ಪರಿಶೀಲನೆಯಿಂದ. ಸುವರ್ಣಯುಗ, ಕೈಗಾರಿಕಾ ಪ್ರಗತಿ, ವಸಾಹತುಪೂರ್ವ ಸಮೃದ್ಧಿ ಅಥವಾ ಬಡತನ ಇವುಗಳಲ್ಲಿ ಯಾವುದನ್ನು ಪ್ರತಿಪಾದಿಸಿದರೂ ಕೆಲಸದ ದಿನಗಳು ತಿಳಿಯದಿರುವವರೆಗೆ ನಿರ್ಣಯ ಅಪೂರ್ಣ.

ಕರ್ನಾಟಕದ ಮಟ್ಟಿಗೆ ಈ ದಿಶೆಯಲ್ಲಿ ಆಗಬೇಕಾದ ಕಾರ್ಯ ವಿಪುಲವಾಗಿದೆ. ಶೃಂಗೇರಿ ಮೊದಲಾದ ಮಠಗಳ ಕಡತಗಳು, ದೇವಾಲಯಗಳ ಹಾಗೂ ಬಸದಿಗಳ ಲೆಕ್ಕಗಳು, ದತ್ತಿಶಾಸನಗಳು, ಮೈಸೂರು ಸಂಸ್ಥಾನದ ಆಡಳಿತ ವರದಿಗಳು ಮತ್ತು ಜನಗಣತಿಗಳು, ಗಣಿ ಮತ್ತು ಗಿರಣಿಗಳ ಹಾಜರಿ ವಹಿಗಳು ಇದಕ್ಕೆ ಆಕರಗಳಾಗಬಲ್ಲವು. ಇವುಗಳಲ್ಲಿ ಕೂಲಿಯ ದರವನ್ನು ಗುರುತಿಸುವಾಗಲೇ ಎಷ್ಟು ದಿನ, ಎಷ್ಟು ಜನ, ಗಂಡೋ ಹೆಣ್ಣೋ, ಹಣವೋ ಧಾನ್ಯವೋ, ನೇರವಾಗಿಯೋ ಮೇಸ್ತ್ರಿಯ ಮೂಲಕವೋ ಎಂಬ ವಿವರಗಳನ್ನೂ ಬರೆದುಕೊಳ್ಳುವುದು ಅವಶ್ಯ. ಗ್ರಂಥಾಲಯಗಳು ಮತ್ತು ದಾಖಲೆ ಭಂಡಾರಗಳು ಹಾಜರಿ ವಹಿ, ಪಡಿ ಲೆಕ್ಕ, ಮುಂಗಡ ಸಾಲದ ಚೀಟಿಗಳನ್ನು ನಿರುಪಯುಕ್ತ ಕಾಗದಗಳೆಂದು ತಿಳಿಯದೆ ಸಂರಕ್ಷಿಸಬೇಕು. ತಮ್ಮ ಬದುಕಿನ ಬಗೆಗೆ ತಾವಾಗಿ ಏನನ್ನೂ ಬರೆದಿಡಲಾಗದ ಅಸಂಖ್ಯ ಜನರ ದುಡಿಮೆಗೆ ಉಳಿದಿರುವ ಸಾಕ್ಷ್ಯವೆಂದರೆ ಬಹಳಷ್ಟು ಮಟ್ಟಿಗೆ ಅವೇ ಆಗಿವೆ.